ಹಂಪಿ ಬಜಾರಿನಲ್ಲಿ ಕಾಲಸ್ತಂಭಕ ಯಂತ್ರ: ಒಂದು ಬಹುಶಿಸ್ತೀಯ ಅನುಸಂಧಾನ

ಕಾಲ ಎಂಬುದು ಸ್ವಭಾವತಃ ಒತ್ತುವರಿದಾರ. ಪರವಾನಗಿ ಪಡೆಯದೆ ಮುಂದೆ ಸರಿಯುತ್ತದೆ, ನೋಟಿಸ್ ಅಂಟಿಸಿದರೂ ನಿಲ್ಲುವುದಿಲ್ಲ. ಸದರಿ ಅಕ್ರಮವನ್ನು ತಡೆಗಟ್ಟುವ ಸಲುವಾಗಿ ರೂಪುಗೊಂಡ ಸಾಧನವೇ ಕಾಲಸ್ತಂಭಕ ಯಂತ್ರ. ಇದರ ಹೊರಕವಚ ಕಾಗದದ್ದು, ಹಲ್ಲುಗಾಲಿಗಳು ಉಪಸಮಿತಿಗಳು, ಕೀಲೆಣ್ಣೆ ಟಿ.ಎ., ಡಿ.ಎ. 1986ರಲ್ಲಿ ಹಂಪಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದ ಮೇಲೆ ಯಂತ್ರಕ್ಕೆ ಚಾಲನೆ ದೊರೆಯಿತು. ವಿರೂಪಾಕ್ಷನ ಗೋಪುರದಿಂದ ಎದುರು ಬಸವಣ್ಣನವರೆಗಿನ ಸುಮಾರು ಮುಕ್ಕಾಲು ಕಿಲೋಮೀಟರ್ ಬೀದಿಯೇ ಇದರ ಪ್ರಯೋಗಶಾಲೆ.

ವರ್ಗೀಕರಣ: ಹಂಪಿಯಲ್ಲಿ ಕಾಲ ನಾಲ್ಕು ವಿಧ. (ಅ) ಶಿಲಾಕಾಲ: ಚಲಿಸದು, ಆದ್ದರಿಂದ ಆದರ್ಶಪ್ರಾಯ. (ಆ) ಕಡತಕಾಲ: ಚಲಿಸುತ್ತದೆ, ಆದರೆ ಮೇಜಿನಿಂದ ಮೇಜಿಗೆ ಮಾತ್ರ. (ಇ) ಉದರಕಾಲ: ದಿನಕ್ಕೆರಡು ಸಲ ತಪ್ಪದೆ ಬರುತ್ತದೆ, ಮಿರ್ಚಿ, ಮಂಡಕ್ಕಿಯಿಂದ ತಾತ್ಕಾಲಿಕ ಉಪಶಮನ. (ಈ) ನಾಲ್ಕನೆಯದು ಉಪಸಮಿತಿಯ ಪರಿಶೀಲನೆಯಲ್ಲಿದೆ.

ಶೂನ್ಯಬಿಂದು ನಿರ್ಧಾರ: ಯಾವ ಗಳಿಗೆಯಲ್ಲಿ ಕಾಲವನ್ನು ನಿಲ್ಲಿಸಬೇಕು? ಯಂತ್ರದ ಮುಳ್ಳು ವಿಜಯನಗರ ಯುದ್ಧದಲ್ಲಿ ಸೋತ 1565ರ ಜನವರಿ 23ರ ಆಸುಪಾಸಿಗೇ ಹೋಗಿ ನಿಲ್ಲುತ್ತದೆ. ಅಂದರೆ ಪಟ್ಟಣ ಬಾಳಿದ ದಿನಗಳು ಅದಕ್ಕೆ ಬೇಡ, ಹಾಳಾದ ಮೇಲಿನದು ಬೇಕು. ಕೊಳ್ಳೆ ಮುಗಿದಿರಬೇಕು, ಹೊಗೆ ಇಳಿದಿರಬೇಕು, ಹುಲ್ಲನ್ನು ಒಂದಳತೆಗೆ ಕತ್ತರಿಸಿರಬೇಕು, ಟಿಕೆಟ್ ಕೌಂಟರ್ ತೆರೆದಿರಬೇಕು. ಇಲ್ಲೊಂದು ತಾಂತ್ರಿಕ ತೊಡಕಿದೆ. 1856ರಲ್ಲಿ ಗ್ರೀನ್‌ಲಾ ಎಂಬ ಛಾಯಾಗ್ರಾಹಕ ತೆಗೆದ ಫೋಟೊದಲ್ಲಿ ವಿಠ್ಠಲನ ಕಲ್ಲಿನ ರಥದ ನೆತ್ತಿಯ ಮೇಲೆ ಇಟ್ಟಿಗೆ ಗೋಪುರವಿದೆ. ಐವತ್ತು ರೂಪಾಯಿ ನೋಟಿನ ರಥಕ್ಕೆ ಅದಿಲ್ಲ. ರಥವೇ ಬೋಳಾದ ಮೇಲೆ ನಾವು ಕಾಪಾಡುತ್ತಿರುವುದು ಯಾವ ಇಸವಿಯನ್ನು? ಕಡತದಲ್ಲಿ ಉತ್ತರವಿಲ್ಲ.

ಸಾಕ್ಷ್ಯಾಧಾರ: 1520ರ ಸುಮಾರಿಗೆ ಬಂದ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪೇಯಸ್ ವಿರೂಪಾಕ್ಷನ ಗುಡಿಯ ಮುಂದಿನ ಇದೇ ಬೀದಿಯನ್ನು ವರ್ಣಿಸಿದ್ದಾನೆ. ಮೊಗಸಾಲೆ, ಕಂಬಸಾಲುಗಳ ಚಂದದ ಮನೆಗಳು. ಯಾತ್ರಿಕರು ಅಲ್ಲಿಯೇ ತಂಗುತ್ತಿದ್ದರು. ಸಿರಿವಂತರಿಗೆ ಬೇರೆ ಬಿಡಾರ. ಗುಡಿಗೆ ಬಂದಾಗ ಉಳಿಯಲು ರಾಜನಿಗೂ ಒಂದು ಅರಮನೆ. ಆಡಳಿತ ಭಾಷೆಯಲ್ಲಿ ಹೇಳುವುದಾದರೆ, ಬೀದಿ ಪೂರಾ ಅನಧಿಕೃತ ಲಾಡ್ಜುಗಳು. ಮೊದಲನೇ ನೋಟಿಸ್ ಕೃಷ್ಣದೇವರಾಯನಿಗೇ ಹೋಗಬೇಕಿತ್ತು.

ಹೋದದ್ದು ಬೇರೆಯವರಿಗೆ. 2011ರ ಜುಲೈ ಕೊನೆಯಲ್ಲಿ ಬಜಾರಿಗೆ ಜೆಸಿಬಿಗಳು ಬಂದವು. ಮುನ್ನೂರರಷ್ಟು ಕುಟುಂಬಗಳ ಮನೆ, ಅಂಗಡಿ, ಖಾನಾವಳಿ ಎದ್ದುಹೋದವು. ಅವರಿಗೆ ಕಡ್ಡಿರಾಂಪುರದ ಕಡೆ ಜಾಗ ತೋರಿಸಲಾಯಿತು. ಸಾಲುಮಂಟಪದ ಕಂಬಕ್ಕೆ ಮೊಳೆ ಹೊಡೆದದ್ದು, ಕಲ್ಲಿನ ತಲೆಯ ಮೇಲೆ ಆರ್‌ಸಿಸಿ ಹೊರಿಸಿದ್ದು ತಪ್ಪೇ, ಯಾರೂ ಅಲ್ಲಗಳೆಯುವುದಿಲ್ಲ. ಮೊಳೆ ಕೀಳಲು ಇಕ್ಕಳ ಸಾಕಿತ್ತು. ಯಾತ್ರಿಕರಿಗೆ ಅನ್ನ, ನೆರಳು, ರಾತ್ರಿಗೊಂದು ಚಾಪೆ ಕೊಡುವ ಕಸುಬು ಈ ಬೀದಿಗೆ ಐನೂರು ವರ್ಷಗಳ ಹಿಂದೆಯೇ ಇದ್ದದ್ದು. ಅದನ್ನು ಕಿತ್ತು, ಉಳಿದ ಕಂಬಗಳಿಗೆ ಪರಂಪರೆ ಎಂದು ಬೋರ್ಡು ಹಾಕಿದರಲ್ಲ, ಇವರಿಗೆ ಏನನ್ನಬೇಕು?

ವರ್ಗೀಕರಣ ಇಲ್ಲಿಗೆ ಸಾಕು. ನಾಲ್ಕನೆಯದು ಏನೆಂದು ಯಾರೂ ಕೇಳಬೇಡಿ.

ಖಾಲಿ ಮಂಟಪವೊಂದರ ಒಳಗೆ ಬಗ್ಗಿ ನೋಡಿದರೆ ಕಂಬದ ಅರ್ಧಕ್ಕೆ ನೀಲಿ ಬಣ್ಣ, ಗೂಟದ ತೂತು, ಮೂಲೆಯಲ್ಲಿ ಒಲೆಯ ಮಸಿ. ಯಂತ್ರದ ನಿಯಮದಂತೆ 1565ರಲ್ಲಿ ಊರಿಗೆ ಬೆಂಕಿ ಇಟ್ಟವರ ಮಸಿಗೆ ಸಂರಕ್ಷಣೆ ಇದೆ. ರೊಟ್ಟಿ ಬಡಿದವಳ ಮಸಿಗೆ ಇಲ್ಲ.

ವಿನಾಯಿತಿಗಳು: ಹಂಪಿ ಉತ್ಸವದ ದಿನಗಳಲ್ಲಿ ಯಂತ್ರವನ್ನು ಬಂದ್ ಇಡಲಾಗುತ್ತದೆ. ಆಗ ಜನರೇಟರ್, ಲೇಸರ್ ಬೆಳಕು, ಎದೆ ನಡುಗಿಸುವ ಧ್ವನಿವರ್ಧಕ, ಸಾಲುಗಟ್ಟಿದ ಸರ್ಕಾರಿ ಕಾರು, ಇವೆಲ್ಲ ಹದಿನಾರನೇ ಶತಮಾನಕ್ಕೆ ಸೇರಿದವೆಂದು ಭಾವಿಸತಕ್ಕದ್ದು.

ಆನೆಗೊಂದಿ ಸೇತುವೆಯ ಪ್ರಕರಣವನ್ನೂ ಇಲ್ಲಿ ವಿಶ್ಲೇಷಿಸುವ ಉದ್ದೇಶವಿತ್ತು. ಅದರ ದೆಸೆಯಿಂದ 1999ರಲ್ಲಿ ಯುನೆಸ್ಕೊ ಹಂಪಿಯನ್ನು ಅಪಾಯದ ಪಟ್ಟಿಗೆ ಸೇರಿಸಿ, 2006ರಲ್ಲಿ ತೆಗೆಯಿತು. ಕಟ್ಟುವ ಕೆಲಸ ನಿಂತು, ಮತ್ತೆ ಶುರುವಾಗಿ, 2009ರ ಜನವರಿಯಲ್ಲಿ ಸೇತುವೆ ಹೊಳೆಗೆ ಕುಸಿದು ಕೂಲಿಕಾರರು ಸತ್ತರು. ಅಣಕಿಸುವಂಥದ್ದು ಇದರಲ್ಲಿ ಏನೂ ಇಲ್ಲ.

ಶಿಫಾರಸು: ಬಜಾರಿನಲ್ಲಿ ಇನ್ನೂ ಒಬ್ಬ ಒತ್ತುವರಿದಾರ ಉಳಿದಿದ್ದಾನೆ. ಪಟ್ಟಣ ಹಾಳಾದರೂ ಜಾಗ ಬಿಡಲಿಲ್ಲ. ದಿನಾ ಮಂಗಳಾರತಿ, ಗಂಟೆ, ಬಾಗಿಲಲ್ಲಿ ಆನೆ, ವರ್ಷಕ್ಕೊಮ್ಮೆ ಬೀದಿ ತುಂಬ ತೇರು. ಅಧಿಕೃತ ಹಾಳೂರಿನ ಘನತೆಗೆ ಇದು ಧಕ್ಕೆ. ಆದ್ದರಿಂದ ಶ್ರೀ ವಿರೂಪಾಕ್ಷ ಎಂಬವರಿಗೆ ಕಡ್ಡಿರಾಂಪುರದಲ್ಲಿ ಒಂದು ಸೈಟು ಮಂಜೂರು ಮಾಡಿ, ಧರ್ಮಪತ್ನಿ ಪಂಪಾದೇವಿಯವರ ಹೆಸರನ್ನು ಪಡಿತರ ಚೀಟಿಗೆ ಸೇರಿಸತಕ್ಕದ್ದು. ಸಾಮಾನು ಸಾಗಿಸುವ ಟ್ರ್ಯಾಕ್ಟರ್ ಬಾಡಿಗೆ ಫಲಾನುಭವಿಯದೇ.