ದಾವಣಗೆರೆ ಹುಡುಗ, ನಾಗಪುರದ ಅಂಗಿ

ಸೋಮವಾರ ಬೆಳಿಗ್ಗೆ ಆಚೆಮನೆ ಅಕ್ಕ ಒಂದು ಬಿಳಿ ಟ್ರ್ಯಾಕ್ ಪ್ಯಾಂಟಿಗೆ ಸೋಪು ತಿಕ್ಕುತ್ತಲೇ ಕಾಂಪೌಂಡಿನ ಹತ್ತಿರ ಬಂದರು. ಮೊಣಕಾಲಿನ ಜಾಗದಲ್ಲಿ ಅಂಗೈಯಗಲದ ಕೆಂಪು ಕಲೆ. ನಮ್ಮ ಹೊಸಪೇಟೆ ಮಣ್ಣು ಬಟ್ಟೆಗೆ ಹತ್ತಿದರೆ ಒಂದೇ ಒಗೆತಕ್ಕೆ ಹೋಗುವಂಥದ್ದಲ್ಲ. ಸಂಡೂರಿನ ಕಡೆಯಿಂದ ಅದಿರಿನ ಲಾರಿ ಬರುವ ದಾರಿಯಲ್ಲಂತೂ ಗಿಡದ ಎಲೆಗೂ ಅದೇ ಬಣ್ಣ. ಕಲೆಯ ಮೇಲೆ ಸೋಪನ್ನು ಎರಡು ಸಲ ಗಟ್ಟಿಯಾಗಿ ಒತ್ತಿ ಅಕ್ಕ ಮಾತು ತೆಗೆದರು.

"ನಿನ್ನೆ ಸೋತು ಬಂದಾನ್ರಿ ಟೀಚರ್, ನಮ್ಮ ಹುಡುಗ. ಸೋಲೋದು ಗೆಲ್ಲೋದು ಇದ್ದದ್ದೇ ಬಿಡ್ರಿ. ಆದ್ರ ಆ ಕಡೆಯವ್ರು ತೋರಣಗಲ್ಲಿಂದ ಒಬ್ಬನ್ನ ಬಾಡಿಗಿಗೆ ಕರ್ಕೊಂಡು ಬಂದಿದ್ರಂತ. ಅವನೊಬ್ಬನೇ ಹೊಡ್ದು ಗೆಲ್ಸಿಬಿಟ್ನಂತ. ಬಾಡಿಗಿ ಆಟಗಾರನ್ನ ಇಟ್ಕೊಂಡು ಗೆದ್ರ ಅದೆಂಥಾ ಗೆಲುವು?"

ಟೆನಿಸ್ ಬಾಲ್ ಟೂರ್ನಮೆಂಟು ಅದು. ನಾನೂ ಹೋಗಿದ್ದೆ, ಆ ಹುಡುಗನನ್ನೂ ನೋಡಿದ್ದೆ. ನಮ್ಮ ಓಣಿಯ ಹುಡುಗರು ಅಂಥವನನ್ನು 'ಗೆಸ್ಟ್' ಅನ್ನುತ್ತಾರೆ. ಅಕ್ಕನ ಬಾಯಲ್ಲಿ ಅದು 'ಬಾಡಿಗಿ' ಆಯಿತು. ಆ ಮಾತು ಕೇಳಿ ನನಗೆ ಯಾಕೋ ಒಳಗೆ ಚುರುಕ್ ಅಂದಿತು. ಕೈಯಲ್ಲಿದ್ದ ನೀರಿನ ಚೊಂಬು ಗೋಡೆಯ ಮೇಲಿಟ್ಟು, "ಅಕ್ಕಾ, ಸ್ವಲ್ಪ ನಿಲ್ರಿ, ನಿಮಗೊಬ್ಬ ದಾವಣಗೆರೆ ಹುಡುಗನ ಕತಿ ಹೇಳ್ತೀನಿ" ಅಂದೆ.

ದಾವಣಗೆರೆ ನಮಗೆ ದೂರದ ಊರೇನಲ್ಲ. ಹಗರಿಬೊಮ್ಮನಹಳ್ಳಿ ದಾಟಿ, ಹರಪನಹಳ್ಳಿ ದಾಟಿದರೆ ಬಂತು. ಆ ಹರಪನಹಳ್ಳಿ ತಾಲ್ಲೂಕೇ 1997ರಲ್ಲಿ ದಾವಣಗೆರೆ ಜಿಲ್ಲೆಗೆ ಹೋಗಿ, ಆಮೇಲೆ ಬಳ್ಳಾರಿಗೆ ಮರಳಿ, 2021ರಲ್ಲಿ ನಮ್ಮ ವಿಜಯನಗರ ಜಿಲ್ಲೆಗೆ ಬಂದು ಸೇರಿದೆ. ಊರಿಗೆ ಊರೇ ಇಷ್ಟು ಸಲ ಮನೆ ಬದಲಿಸಿದ್ದನ್ನು ಕಂಡವರು ನಾವು.

ಆ ಹುಡುಗನ ಹೆಸರು ಗಣೇಶ್ ಸತೀಶ್. 1988ರಲ್ಲಿ ದಾವಣಗೆರೆಯಲ್ಲಿ ಹುಟ್ಟಿದವನು. ಭಾರತದ ಅಂಗಿ ಅವನಿಗೆ ಸಿಗಲಿಲ್ಲ, ಹಾಗಾಗಿ ಟಿವಿ ಮುಂದೆ ಕೂರುವ ಎಷ್ಟೋ ಜನಕ್ಕೆ ಅವನ ಹೆಸರೂ ಗೊತ್ತಿಲ್ಲ. ಆದರೆ ರಣಜಿ ನೋಡುವವರು ಅವನನ್ನು ಮರೆಯುವುದಿಲ್ಲ. 2010ರ ಜನವರಿ, ಮೈಸೂರಿನ ಗಂಗೋತ್ರಿ ಮೈದಾನ. ಕರ್ನಾಟಕ ಮತ್ತು ಮುಂಬೈ ನಡುವೆ ಫೈನಲ್. ಕರ್ನಾಟಕ ಮೊದಲ ಸರದಿಯಲ್ಲಿ 130ಕ್ಕೆ ಮುದುರಿ ಕೂತಿತ್ತು. ಗೆಲ್ಲಲು 338 ಬೇಕು. ಮುಗಿಯಿತು ಅಂತ ಎಲ್ಲರೂ ಕೈಚೆಲ್ಲಿದ್ದಾಗ ಮನೀಶ್ ಪಾಂಡೆ ಮತ್ತು ಈ ಹುಡುಗ ಜೊತೆಗೂಡಿ ಇನ್ನೂರು ದಾಟಿಸಿದರು. ಪಾಂಡೆ 144, ಸತೀಶ್ 75. ಮೈದಾನದ ಸುತ್ತ ಜನ ಮರ ಹತ್ತಿ ನೋಡಿದರು. ಆದರೂ 331ಕ್ಕೆ ಎಲ್ಲರೂ ಔಟ್. ಆರು ರನ್ನಿನಿಂದ ಸೋತೆವು. ಗೆಲುವು ಒಂದು ಸಿಕ್ಸರು, ಒಂದು ರನ್ನಿನಷ್ಟೇ ದೂರ.

"ಅಯ್ಯೋ!" ಅಂದರು ಅಕ್ಕ. ಪ್ಯಾಂಟು ಬಕೆಟ್ಟಿಗೆ ಬಿತ್ತು.

ನಾಲ್ಕು ವರ್ಷದ ನಂತರ, 2014ರಲ್ಲಿ, ಹೈದರಾಬಾದಿನಲ್ಲಿ ಇನ್ನೊಂದು ಫೈನಲ್. ಈ ಸಲ ಎದುರಿಗೆ ಮಹಾರಾಷ್ಟ್ರ. ಕೆ.ಎಲ್. ರಾಹುಲ್ 131 ಹೊಡೆದ, ಗಣೇಶ್ ಸತೀಶ್ 117. ಹದಿನೈದು ವರ್ಷಗಳ ಮೇಲೆ ರಣಜಿ ಕಪ್ಪು ಕರ್ನಾಟಕಕ್ಕೆ ಬಂತು. ನಾಯಕ ಯಾರು? ಅವನೂ ದಾವಣಗೆರೆಯವನೇ, ಆಟೋ ಓಡಿಸುತ್ತಿದ್ದವರ ಮಗ ವಿನಯ್ ಕುಮಾರ್. ಫೈನಲಿನಲ್ಲಿ ನೂರು ಹೊಡೆದವನಿಗೆ ಮುಂದಿನ ವರ್ಷ ಜಾಗ ಗಟ್ಟಿ ಅಂತ ಯಾರಾದರೂ ತಿಳಿಯುತ್ತಾರೆ. ಆದರೆ ಆಗಿನ ಕರ್ನಾಟಕದ ಬ್ಯಾಟಿಂಗ್ ಪಟ್ಟಿ ನೋಡಿ: ಉತ್ತಪ್ಪ, ರಾಹುಲ್, ಸಮರ್ಥ್, ಪಾಂಡೆ, ಕರುಣ್ ನಾಯರ್. ಒಂದೇ ಮನೆಯಲ್ಲಿ ಐದು ಜನ ಅಣ್ಣತಮ್ಮಂದಿರು, ಇರುವುದು ನಾಲ್ಕೇ ಕೋಣೆ. ಮುಂದಿನ ಸೀಸನ್ನಿಗೆ ಗಣೇಶ್ ಸತೀಶ್ ನಾಗಪುರದ ರೈಲು ಹತ್ತಿದ. ವಿದರ್ಭದ ಪರ ಆಡಲು.

ಇಲ್ಲಿ ಅಕ್ಕನಿಗೆ ಕಾನೂನು ಬಿಡಿಸಿ ಹೇಳಬೇಕಾಯಿತು. ರಣಜಿಯಲ್ಲಿ ಒಂದು ರಾಜ್ಯದ ತಂಡ ಹೊರಗಿನ ಮೂವರನ್ನು ತೆಗೆದುಕೊಳ್ಳಬಹುದು. ಅಂಥವರನ್ನು 'ಪ್ರೊಫೆಷನಲ್' ಅನ್ನುತ್ತಾರೆ. ಆಟಗಾರ ತನ್ನ ರಾಜ್ಯ ಸಂಸ್ಥೆಯಿಂದ ನಿರಾಕ್ಷೇಪಣಾ ಪತ್ರ, ಅದೇ ಎನ್‌ಒಸಿ, ತರಬೇಕು. ಆ ತಂಡದ ಜೊತೆ ವರ್ಷವರ್ಷಕ್ಕೆ ಒಪ್ಪಂದ. ಈ ವರ್ಷ ಆಡಿದರೆ ಮುಂದಿನ ವರ್ಷ ಕರೆ, ಆಡದಿದ್ದರೆ ಇಲ್ಲ. ಊರಿನ ಹುಡುಗ ನಾಲ್ಕು ಪಂದ್ಯ ಸೊನ್ನೆ ಹೊಡೆದರೂ 'ನಮ್ಮವ, ಇರ್ಲಿ' ಅಂತಾರೆ. ಹೊರಗಿನವನಿಗೆ ಆ 'ಇರ್ಲಿ' ಇಲ್ಲ. ಮೂರು ಜಾಗದಲ್ಲಿ ಒಂದನ್ನು ಹಿಡಿದು ಕೂತವನು ಊರಿನವನಿಗಿಂತ ಒಂದು ಕೈ ಮೇಲೇ ಆಡಬೇಕು, ಪ್ರತಿ ಸಲವೂ.

ದುಡ್ಡು? ಬರುತ್ತದೆ. 2021ರಲ್ಲಿ ಭಾರತದ ಕ್ರಿಕೆಟ್ ಮಂಡಳಿ ದರ ಏರಿಸಿದ ಮೇಲೆ ನಲವತ್ತಕ್ಕಿಂತ ಹೆಚ್ಚು ಪಂದ್ಯ ಆಡಿದವರಿಗೆ ದಿನಕ್ಕೆ 60,000 ರೂಪಾಯಿ, ಇಪ್ಪತ್ತರೊಳಗೆ ಆಡಿದವರಿಗೆ 40,000. ಅದಕ್ಕೆ ಮೊದಲು ದಿನಕ್ಕೆ 35,000 ಇತ್ತು. ಕೇಳಲು ದೊಡ್ಡ ಮೊತ್ತ. ಆದರೆ ಈ ದುಡ್ಡು ಆಡಿದ ದಿನಕ್ಕೆ ಮಾತ್ರ. ಹನ್ನೊಂದರಲ್ಲಿ ಹೆಸರಿಲ್ಲದೆ ಬೆಂಚಿನಲ್ಲಿ ಕೂತರೆ ಕೈಗೆ ಬರುವುದು ಅರ್ಧ, ತಂಡದಲ್ಲೇ ಇಲ್ಲದಿದ್ದರೆ ಏನೂ ಇಲ್ಲ. ವರ್ಷದಲ್ಲಿ ಆಟ ಇರುವುದು ಕೆಲವೇ ತಿಂಗಳು. ಮೂವತ್ತೈದಕ್ಕೆ ಮೊಣಕಾಲು ಕೇಳುವುದಿಲ್ಲ. ಕಂಪ್ಲಿಯ ಬತ್ತದ ಕೊಯ್ಲಿನ ಹಾಗೆ, ಆ ಒಂದು ಹಂಗಾಮಿನಲ್ಲಿ ಬಂದದ್ದನ್ನೇ ಉಳಿದೆಲ್ಲ ದಿನಕ್ಕೂ ಹಂಚಿಕೊಂಡು ಉಣ್ಣಬೇಕು.

ಈಗ ನಾನು ಹೇಳಬೇಕೆಂದಿದ್ದ ದಿನಕ್ಕೆ ಬಂದೆ. 2017ರ ಡಿಸೆಂಬರ್, ಕೋಲ್ಕತ್ತದ ಈಡನ್ ಗಾರ್ಡನ್ಸ್. ರಣಜಿ ಸೆಮಿಫೈನಲ್. ಒಂದು ಕಡೆ ಕರ್ನಾಟಕ, ಇನ್ನೊಂದು ಕಡೆ ವಿದರ್ಭ. ಕರ್ನಾಟಕದ ನಾಯಕ ದಾವಣಗೆರೆಯ ವಿನಯ್. ವಿದರ್ಭದ ಪರ ಬ್ಯಾಟು ಹಿಡಿದು ಬಂದವನು ದಾವಣಗೆರೆಯ ಗಣೇಶ್. ಮೊದಲ ಸರದಿಯಲ್ಲಿ ವಿದರ್ಭ 185ಕ್ಕೆ ಔಟ್. ಕರುಣ್ ನಾಯರ್ 153 ಹೊಡೆದು ಕರ್ನಾಟಕಕ್ಕೆ 116 ರನ್ನಿನ ಮುನ್ನಡೆ ತಂದ. ಇನ್ನೇನು ಫೈನಲಿಗೆ ಹೋದೆವು ಅಂತ ನಾವೆಲ್ಲ ಹಿಗ್ಗಿದ್ದೆವು. ಆಗ ನಮ್ಮ ಬೌಲರುಗಳ ಎದುರು ನಿಂತವನು ನಮ್ಮ ಹುಡುಗನೇ. 81 ರನ್ ಮಾಡಿದ. ಒಂದು ಕಾಲದಲ್ಲಿ ಒಂದೇ ಡ್ರೆಸ್ಸಿಂಗ್ ರೂಮಿನಲ್ಲಿ ಶೂ ಬಿಚ್ಚುತ್ತಿದ್ದವರ ಚೆಂಡನ್ನು ಎದುರಿಸಿ ಮಾಡಿದ 81. ವಿದರ್ಭ 313ಕ್ಕೆ ಮುಟ್ಟಿತು. ನಮಗೆ ಗೆಲ್ಲಲು 198.

ರಜನೀಶ್ ಗುರ್ಬಾನಿ ಅನ್ನುವ ವಿದರ್ಭದ ವೇಗಿ ಏಳು ವಿಕೆಟ್ ಕಿತ್ತ. ನಾಲ್ಕನೇ ದಿನ ಸಂಜೆಗೆ ನಮ್ಮವರು 111ಕ್ಕೆ 7. ಐದನೇ ದಿನ ಬೆಳಿಗ್ಗೆ ವಿನಯ್ ಹೋರಾಡಿ 36ಕ್ಕೆ ಔಟಾದ. ಮಿಥುನ್ ಬೀಸಿ ಬೀಸಿ 33 ಹೊಡೆದ. ಶ್ರೇಯಸ್ ಗೋಪಾಲ್ ಒಂದು ತುದಿ ಹಿಡಿದು ನಿಂತೇ ಇದ್ದ. 192ಕ್ಕೆ ಕೊನೆಯ ವಿಕೆಟ್ ಬಿತ್ತು. ಐದು ರನ್ನಿನ ಸೋಲು.

ಮೈಸೂರಿನಲ್ಲಿ ಕರ್ನಾಟಕದ ಅಂಗಿ ಹಾಕಿ ಆರು ರನ್ನಿನಿಂದ ಅತ್ತವನು, ಕೋಲ್ಕತ್ತದಲ್ಲಿ ಕರ್ನಾಟಕವನ್ನೇ ಐದು ರನ್ನಿನಿಂದ ಸೋಲಿಸಿದ ತಂಡದಲ್ಲಿದ್ದ. ಇನ್ನೂ ಒಂದು ಸೋಜಿಗ ಕೇಳಿ. ಮೈಸೂರಿನಲ್ಲಿ ಅವನನ್ನು ಅಳಿಸಿದ ಮುಂಬೈ ತಂಡದ ನಾಯಕ ವಾಸಿಂ ಜಾಫರ್. ಆ ಜಾಫರ್ ಕೂಡ ಅಷ್ಟೊತ್ತಿಗೆ ಮುಂಬೈ ಬಿಟ್ಟು ವಿದರ್ಭಕ್ಕೆ ಪ್ರೊಫೆಷನಲ್ ಆಗಿ ಬಂದಿದ್ದ, ಗಣೇಶನ ಪಕ್ಕದ ಕುರ್ಚಿಯಲ್ಲಿ ಕೂತಿದ್ದ. 2018ರ ಜನವರಿ 1ರಂದು ಇಂದೋರಿನಲ್ಲಿ ದೆಹಲಿಯನ್ನು ಮಣಿಸಿ ವಿದರ್ಭ ಮೊದಲ ಸಲ ರಣಜಿ ಗೆದ್ದಿತು, ಆಡಲು ತೊಡಗಿ ಆರು ದಶಕಗಳಾದ ಮೇಲೆ. ಮಾರ್ಚಿನಲ್ಲಿ ಇರಾನಿ ಕಪ್ಪು: ಜಾಫರ್ 286, ಗಣೇಶ್ 120. ಮರುವರ್ಷ ಮತ್ತೆ ರಣಜಿ. ಮೂರು ರಣಜಿ ಪದಕ, ಎರಡು ರಾಜ್ಯದ ಅಂಗಿ. ಆಮೇಲೆ ತ್ರಿಪುರಾದ ಪರವೂ ಆಡಿದ.

"ಅದಕ್ಕs ಅನ್ನೋದು ನಾನು," ಅಂದರು ಅಕ್ಕ. "ಹೊರಗಿನವ್ರನ್ನ ತಂದು ಗೆದ್ರು."

"ಅಕ್ಕಾ, ಸಂಡೂರ್ ರೋಡಿನ ರಾಯರ ಕೆರಿ ಕಟ್ಟಿದ್ದು ಯಾರು?" ಅಂದೆ.

"ಕೃಷ್ಣದೇವರಾಯ."

ಕಟ್ಟಿಸಿದ್ದು ಅವನೇ. ಹೊಸಪೇಟೆಗೆ ಆಗ ನಾಗಲಾಪುರ ಅಂತ ಹೆಸರು. ರಾಯನ ಕಾಲ ಮುಗಿದು ಕೆಲವು ವರ್ಷದ ಮೇಲೆ ಇಲ್ಲಿದ್ದ ಪೋರ್ಚುಗೀಸ್ ವ್ಯಾಪಾರಿ ನೂನಿಜ್ ಬರೆದಿಟ್ಟಿದ್ದಾನೆ: ಕೆರೆ ಕೆಲಸಕ್ಕೆ ರಾಯ ಗೋವೆಯ ಗವರ್ನರನಿಂದ ಕಲ್ಲುಕೆಲಸದಲ್ಲಿ ಪಳಗಿದ ಒಬ್ಬ ಪೋರ್ಚುಗೀಸನನ್ನು ಕರೆಸಿಕೊಂಡಿದ್ದ, ಜೊವಾವ್ ದೆ ಲಾ ಪೊಂಟೆ ಅಂತ. ಆ ಕೆರೆ ಇದೇ ಅಂತ ಇತಿಹಾಸ ಬಲ್ಲವರು ಗುರುತಿಸಿದ್ದಾರೆ. 1520ರ ರಾಯಚೂರು ಮುತ್ತಿಗೆಯಲ್ಲಿ ಕೋಟೆಗೋಡೆಯ ಮೇಲಿದ್ದವರಿಗೆ ಗುರಿಯಿಟ್ಟು ಕೋವಿ ಹಾರಿಸಿದವರೂ ಪೋರ್ಚುಗೀಸರೇ. ಅದಕ್ಕೂ ಮೊದಲು ಇಮ್ಮಡಿ ದೇವರಾಯ ಮುಸ್ಲಿಂ ಬಿಲ್ಲುಗಾರರನ್ನು ಕರೆದು ಸೈನ್ಯಕ್ಕೆ ಸೇರಿಸಿಕೊಂಡಿದ್ದ. ಆ ಗೆಲುವುಗಳನ್ನು ವಿಜಯನಗರದ್ದಲ್ಲ ಅಂತ ಯಾರೂ ಹೇಳುವುದಿಲ್ಲ. ನಮ್ಮ ಮರಿಯಮ್ಮನಹಳ್ಳಿಯ ಕಲಾವಿದರನ್ನು ತೆಗೆದುಕೊಳ್ಳಿ. ಇವತ್ತು ಈ ಕಂಪನಿ, ನಾಳೆ ಆ ಕಂಪನಿ, ಟ್ರಂಕು ಹೊತ್ತು ಊರೂರು ತಿರುಗಿ ಪಾತ್ರ ಮಾಡಿದವರು. ಬಣ್ಣ ಹಚ್ಚಿದ ಮೇಲೆ ಪಾತ್ರ ಅವರದೇ.

ಅಕ್ಕ ಸುಮ್ಮನಾದರು. ಅವರ ಮಾವನವರು ಟಿ.ಬಿ. ಡ್ಯಾಂ ಕಟ್ಟುವಾಗ ಆಂಧ್ರದ ಕಡೆಯಿಂದ ಕಲ್ಲು ಕೆಲಸಕ್ಕೆ ಕ್ಯಾಂಪಿಗೆ ಬಂದವರು, 1953ರಲ್ಲಿ ಡ್ಯಾಂ ಮುಗಿದರೂ ಇಲ್ಲೇ ನಿಂತವರು. ಅದನ್ನು ನಾನು ಎತ್ತಲಿಲ್ಲ. ಅವರಿಗೇ ನೆನಪಾಗಿತ್ತು ಅಂತ ಕಾಣುತ್ತದೆ. "ನಮ್ಮ ಮಾವನೂ ಹಂಗs ಬಂದವ್ರಲ್ಲೇನ್ರಿ. 2024ರಾಗ ಹತ್ತೊಂಬತ್ತನೇ ಗೇಟು ಕೊಚ್ಚಿಕೊಂಡು ಹೋದಾಗ ಅವ್ರು ಇದ್ದಿದ್ರ ಊಟ ಬಿಡ್ತಿದ್ರು" ಅಂದರು ಮೆಲ್ಲಗೆ.

ವಿನಯ್ ಕುಮಾರನ ಕತೆಯನ್ನೂ ಅಲ್ಲೇ ಮುಗಿಸಿದೆ. ಕರ್ನಾಟಕಕ್ಕೆ ಬೆನ್ನುಬೆನ್ನಿಗೆ ಎರಡು ರಣಜಿ ತಂದುಕೊಟ್ಟವನು. ಎರಡನೆಯ ಫೈನಲಿನಲ್ಲಿ, ವಾಂಖೆಡೆಯಲ್ಲಿ, ತಮಿಳುನಾಡಿನ ಮೇಲೆ ಐದು ವಿಕೆಟ್ಟೂ ಕಿತ್ತ, ನೂರೂ ಹೊಡೆದ. ಭಾರತದ ಪರ ಟೆಸ್ಟ್ ಸಿಕ್ಕಿದ್ದು ಒಂದೇ, 2012ರಲ್ಲಿ ಪರ್ತ್‌ನಲ್ಲಿ. ಐಪಿಎಲ್‌ನಲ್ಲಿ ಬೆಂಗಳೂರು, ಕೊಚ್ಚಿ, ಕೋಲ್ಕತ್ತ, ಮುಂಬೈ ಅಂತ ತಿರುಗಿದ. ಕೊನೆಗೆ ಪುದುಚೇರಿಗೆ ಹೋದ. ಅದು 2018ರಲ್ಲಷ್ಟೇ ರಣಜಿಗೆ ಕಾಲಿಟ್ಟ ತಂಡ. ಮೂವತ್ತೈದು ದಾಟಿದ ಮೇಲೂ ಆ ಹೊಸಬರ ನಡುವೆ ಹೊಸ ಚೆಂಡು ಹಿಡಿದು ಅದೇ ಲೈನಿನಲ್ಲಿ ಎಸೆದ. 2021ರ ಫೆಬ್ರವರಿಯಲ್ಲಿ ನಿವೃತ್ತನಾಗುವಾಗ ಪ್ರಥಮ ದರ್ಜೆಯಲ್ಲಿ 504 ವಿಕೆಟ್.

ಕರುಣ್ ನಾಯರ್ ಹೆಸರು ಅಕ್ಕನಿಗೂ ಗೊತ್ತಿತ್ತು. ಚೆನ್ನೈನಲ್ಲಿ ಇಂಗ್ಲೆಂಡಿನ ಮೇಲೆ 303 ಹೊಡೆದವನಿಗೆ ಒಂದು ದಿನ ಕರ್ನಾಟಕದಲ್ಲೂ ಜಾಗ ಇಲ್ಲವಾಯಿತು. 2023ರಲ್ಲಿ ಅವನೂ ಅದೇ ನಾಗಪುರದ ದಾರಿ ಹಿಡಿದ. 2025ರ ರಣಜಿ ಫೈನಲಿನಲ್ಲಿ ವಿದರ್ಭಕ್ಕಾಗಿ 86 ಮತ್ತು 135. ಎಂಟು ವರ್ಷದ ನಂತರ ಭಾರತದ ಟೆಸ್ಟ್ ತಂಡಕ್ಕೆ ಮರಳಿದ್ದು ಆ ಊರಿನ ಅಂಗಿಯಲ್ಲಿ ದುಡಿದ ರನ್ನುಗಳ ಮೇಲೆ. ಆಮೇಲೆ ಮನೆಗೂ ವಾಪಸ್ ಬಂದ, ಕರ್ನಾಟಕಕ್ಕೆ. ನನಗೆ ಆ ಸುದ್ದಿ ಓದಿದ ದಿನ ನಮ್ಮ ಮನೆ ಮಗ ದುಬೈಯಿಂದ ಬಂದಷ್ಟು ಸಂತೋಷವಾಗಿತ್ತು. ಗಣೇಶನಿಗೆ ಆ ಟೆಸ್ಟ್ ಕ್ಯಾಪು ಸಿಗಲಿಲ್ಲ, ಅವನ ಸುದ್ದಿ ಪೇಪರಿನ ಒಳಪುಟದ ನಾಲ್ಕು ಸಾಲು. ಆ ನಾಲ್ಕು ಸಾಲನ್ನೂ ನಾನು ಹುಡುಕಿ ಓದುತ್ತಿದ್ದೆ.

"ಟೀಚರ್, ನಿಜ ಹೇಳ್ರಿ," ಅಂದರು ಅಕ್ಕ. "ಆ ಐದು ರನ್ನಿನ ದಿನ ನೀವು ಯಾರ ಕಡಿ ಇದ್ರಿ?"

ಕರ್ನಾಟಕದ ಕಡೆಯೇ ಇದ್ದೆ. ಬೆಳಿಗ್ಗೆ ಒಲೆಯ ಮೇಲೆ ಹಾಲಿಟ್ಟು ಫೋನಿನಲ್ಲಿ ಸ್ಕೋರು ನೋಡುತ್ತಾ ನಿಂತು ಹಾಲು ಉಕ್ಕಿಸಿದ್ದೆ. ಕೊನೆಯ ವಿಕೆಟ್ ಬಿದ್ದಾಗ ಕಣ್ಣಲ್ಲಿ ನೀರು ಬಂದದ್ದೂ ನಿಜ. ಆದರೆ ಅದಕ್ಕೆ ಎರಡು ದಿನ ಮುಂಚೆ ಗಣೇಶ್ ಐವತ್ತು ದಾಟಿದಾಗ, ಮನೆಯಲ್ಲಿ ಯಾರೂ ಇಲ್ಲದಿದ್ದರೂ, ನಾನು ಚಪ್ಪಾಳೆ ತಟ್ಟಿದ್ದೆ. ಅಕ್ಕನಿಗೆ ಎರಡನ್ನೂ ಹೇಳಿದೆ.

ಅಷ್ಟರಲ್ಲಿ ಅವರ ಮಗ ಹಲ್ಲುಜ್ಜುತ್ತಾ ಹಿತ್ತಲಿಗೆ ಬಂದ. ಅಕ್ಕ ತಿರುಗಿ, "ಏ, ನಿನ್ನೆ ಆ ತೋರಣಗಲ್ಲಿನ ಹುಡುಗ ಬಂದಿದ್ನಲ್ಲ, ಅವನ ಹೆಸರೇನೋ?" ಅಂತ ಕೇಳಿದರು.

ಬಾಯಲ್ಲಿ ನೊರೆ ತುಂಬಿಕೊಂಡು ಅವನು ತಲೆ ಅಲ್ಲಾಡಿಸಿದ. ಗೊತ್ತಿಲ್ಲ.

"ಮಧ್ಯಾಹ್ನ ಊಟ ಯಾರು ಹಾಕಿದ್ರು ಅವ್ನಿಗೆ?"

ಅದೂ ಗೊತ್ತಿರಲಿಲ್ಲ ಅವನಿಗೆ. ನನಗೆ ಗೊತ್ತಿತ್ತು. ಮೈದಾನದ ಆಚೆ ತುದಿಯ ಬೇವಿನ ಮರದ ಕೆಳಗೆ ಕಿಟ್ ಬ್ಯಾಗಿಗೆ ಒರಗಿ ಒಬ್ಬನೇ ಕೂತಿದ್ದ. ಪೇಪರಿನಲ್ಲಿ ಕಟ್ಟಿಸಿಕೊಂಡ ಮಂಡಕ್ಕಿ ಒಗ್ಗರಣೆ, ಎರಡು ಮಿರ್ಚಿ. ಒಂದು ಶೂಗೆ ಕಪ್ಪು ಲೇಸು, ಇನ್ನೊಂದಕ್ಕೆ ಬಿಳಿ. ತಿನ್ನುತ್ತಲೇ ಎಡಗೈಯಲ್ಲಿ ಬ್ಯಾಟಿನ ಹಿಡಿಗೆ ಬಿಚ್ಚಿಹೋದ ಟೇಪು ಸುತ್ತುತ್ತಿದ್ದ. ಅವನನ್ನು ಕರೆತಂದ ತಂಡದ ಹುಡುಗರು ಈಚೆ ಪೆಂಡಾಲಿನಲ್ಲಿ ನಗುತ್ತಾ ಊಟ ಮಾಡುತ್ತಿದ್ದರು.

ಅಕ್ಕ ಇದನ್ನು ಕೇಳಿಸಿಕೊಂಡು, ಬಕೆಟ್ಟಿನಿಂದ ಪ್ಯಾಂಟು ಎತ್ತಿ ಹಿಂಡಿದರು. ಕಲೆ ಅರ್ಧ ಹೋಗಿತ್ತು. ತಂತಿಯ ಮೇಲೆ ಹರವುತ್ತಾ ಮಗನಿಗೆ ಹೇಳಿದರು: "ಇನ್ನೊಮ್ಮೆ ಬಂದ್ರ ಹೆಸರು ಕೇಳು. ಮಧ್ಯಾಹ್ನ ಮನಿಗೆ ಕರ್ಕೊಂಡು ಬಾ. ಯಾವ ಟೀಮಿಗೆ ಆಡಿದ್ರೂ ಕರ್ಕೊಂಡು ಬಾ."