ದಶಮಾಂಶಾಧಿಷ್ಠಿತ ಪೂರಕಘಟನಾ ಮೀಮಾಂಸೆ: ಸಾಗರ, ಹೊಸನಗರ, ತೀರ್ಥಹಳ್ಳಿಗಳನ್ನು ಅನುಲಕ್ಷಿಸಿ

ಒಂದು ಘಟನೆ ಆಗುವ ಸಂಭವನೀಯತೆ, ಆಗದಿರುವ ಸಂಭವನೀಯತೆ, ಎರಡೂ ಕೂಡಿದರೆ 1. ಆಗುವುದು 0.05 ಎಂದಾದರೆ ಆಗದಿರುವುದು 0.95. ಹತ್ತನೆಯ ತರಗತಿಯ ಗಣಿತ ಪುಸ್ತಕ ಇಷ್ಟಕ್ಕೇ ಮುಗಿಸುತ್ತದೆ. ವಿದ್ವತ್ ವಲಯಕ್ಕೆ ಈ ಸರಳತೆ ಸಹ್ಯವಲ್ಲ. ಆದ್ದರಿಂದ ಇದನ್ನು ಇನ್ನು ಮುಂದೆ ‘ಏಕತ್ವಾಶ್ರಿತ ದಶಮಾಂಶೋನಿತ ಅಘಟನಾವಶೇಷ ನ್ಯಾಯ’ ಎಂದು ಕರೆಯತಕ್ಕದ್ದು. ಅಂದರೆ, ಒಂದರಲ್ಲಿ ಕಳೆಯುವುದು.

ಮಲೆನಾಡಿನಲ್ಲಿ ಇದರ ಪ್ರಭೇದಗಳು ಮೂರು.

ಅ) ತೀರ್ಥಹಳ್ಳಿ ಪ್ರಭೇದ (ಆರ್ದ್ರ). ಜುಲೈಯಲ್ಲಿ ಆಗುಂಬೆಗೆ ಮಳೆ ಬರುವ ಸಂಭವನೀಯತೆ 0.97 ಎಂದು ಭಾವಿಸೋಣ, ಭಾವಿಸುವುದಕ್ಕೆ ಖರ್ಚಿಲ್ಲ. ಉಳಿದ 0.03ಕ್ಕೆ ಊರವರು ಹೊಳವು ಎನ್ನುತ್ತಾರೆ. ಅಡಿಕೆಗೆ ಕೊಳೆರೋಗ ಬಾರದಂತೆ ಔಷಧಿ ಹೊಡೆಯಬೇಕಾದದ್ದು ಅಷ್ಟರೊಳಗೇ. ನೂರು ಲೀಟರ್ ನೀರಿಗೆ ಒಂದು ಕಿಲೊ ಮೈಲುತುತ್ತ, ಒಂದು ಕಿಲೊ ಸುಣ್ಣ. ಕಲಸಿದ್ದನ್ನು ಅಂದೇ ಮುಗಿಸಬೇಕು. ಈ 0.03ನ್ನು, ಮರ ಹತ್ತಿ ಔಷಧಿ ಹೊಡೆಯುವ ಕೊನೆಗಾರ ಸಿಗುವ ಸಂಭವನೀಯತೆಯಿಂದ ಗುಣಿಸಿದರೆ ಬರುವ ಉತ್ತರಕ್ಕೆ ಬಿಂದುವಿನ ಮುಂದೆ ಸೊನ್ನೆ ಹಾಕಿ ಪೂರೈಸುವುದಿಲ್ಲ.

ಆ) ಹೊಸನಗರ ಪ್ರಭೇದ. ಉಪಪ್ರಭೇದ ಐದು, ಕವಲು ಹನ್ನೊಂದು. ಇರಲಿ ಬಿಡಿ.

ಇ) ಸಾಗರ ಪ್ರಭೇದ (ಜಲಾವೃತ). 1964ರಲ್ಲಿ ಶರಾವತಿಗೆ ಲಿಂಗನಮಕ್ಕಿ ಅಣೆಕಟ್ಟು ಮುಗಿಯಿತು. ಗರಿಷ್ಠ ಮಟ್ಟ 1819 ಅಡಿ. ಹಿನ್ನೀರಿನ ಅಂಬಾರಗೋಡ್ಲು ದಡದಲ್ಲಿ ನಿಂತ, ಆಚೆಯ ತುಮರಿ ಕಡೆಯವರಿಗೆ ಲಾಂಚ್ ಸಿಗುತ್ತಿತ್ತು, ಇಲ್ಲವೇ ಸಿಗುತ್ತಿರಲಿಲ್ಲ, ಮೊತ್ತ 1. ಸಂಜೆ ಲಾಂಚ್ ನಿಂತ ಮೇಲೆ ಹೆರಿಗೆ ನೋವು ಬಂದವಳಿಗೂ ಮೊತ್ತ ಅದೇ 1. ಅಲ್ಲಿ ಸೇತುವೆ ಉದ್ಘಾಟನೆಯಾದದ್ದು 2025ರ ಜುಲೈಯಲ್ಲಿ. 61 ವರ್ಷ.

ಇಲ್ಲಿಗೆ ವರ್ಗೀಕರಣ ಸಾಕು. ಏಕೆಂದರೆ ನ್ಯಾಯವೇ ಸುಳ್ಳಾಗಿದೆ. ಶರಾವತಿ ಮುಳುಗಡೆ ಸಂತ್ರಸ್ತರಿಗೆ ಹಕ್ಕುಪತ್ರ ಸಿಗುವುದು ಒಂದು ಘಟನೆ, ಸಿಗದಿರುವುದು ಇನ್ನೊಂದು. ಗಣಿತದ ಪ್ರಕಾರ ಮೂರನೆಯದಿಲ್ಲ. ಸರ್ಕಾರ ಮೂರನೆಯದನ್ನು ಕಂಡುಹಿಡಿಯಿತು: ‘ಪರಿಶೀಲನೆಯಲ್ಲಿದೆ’.

ನಾಡಿಗೆ ಕರೆಂಟು ಬರಲೆಂದು ಮನೆ, ಗದ್ದೆ, ದೇವಸ್ಥಾನ ಮುಳುಗಿದ್ದು ಪೂರ್ಣಾಂಕದಲ್ಲಿ. ಬದಲಿಗೆ ಮುಳುಗಿಸಿದವರು ತೋರಿಸಿದ ಜಾಗದ ಎಷ್ಟೋ ಭಾಗ ದಾಖಲೆಯಲ್ಲಿ ಅರಣ್ಯವಾಗಿಯೇ ಉಳಿಯಿತು. 1980ರ ಅರಣ್ಯ ಸಂರಕ್ಷಣಾ ಕಾಯ್ದೆ ಬಂದಮೇಲೆ ಅದನ್ನು ಅರಣ್ಯದಿಂದ ಬಿಡಿಸಲು ಕೇಂದ್ರದ ಒಪ್ಪಿಗೆಯೂ ಬೇಕಾಯಿತು. ಒಪ್ಪಿಗೆ ತರಬೇಕಾದವರು ಯಾರು? ಲಾರಿಯಲ್ಲಿ ಪಾತ್ರೆಪಡಗ ಹೇರಿಕೊಂಡು ಬಂದವರೇ? ಅವರ ಮೊಮ್ಮಕ್ಕಳಿಗೂ ಪಹಣಿಯಲ್ಲಿ ಹೆಸರಿಲ್ಲ. ಹೆಸರಿಲ್ಲವೆಂದು ಬ್ಯಾಂಕು ಬೆಳೆಸಾಲ ಕೊಡುವುದಿಲ್ಲ, ಅಣ್ಣತಮ್ಮಂದಿರಿಗೆ ತೋಟ ಹಿಸ್ಸೆಯಾಗುವುದಿಲ್ಲ. ಸರ್ಕಾರವೇ ತಂದು ಕೂರಿಸಿದ ಜಾಗದಲ್ಲಿ ಅವರು, ಕಡತದ ಪ್ರಕಾರ, ಒತ್ತುವರಿದಾರರು.