ಬಿಸಿಲು ಬೇಡದ ಬಳಗ

ಬೆಂಗಳೂರಿನ ಮೂವತ್ತು-ನಲವತ್ತರ ಸೈಟಿನಲ್ಲಿ ಬಿಸಿಲು ಸ್ವಂತ ಆಸ್ತಿಯಲ್ಲ. ಪಕ್ಕದವರು ಮಹಡಿ ಎತ್ತುವ ತನಕ ಅನುಭವಿಸುವ ಭೋಗ್ಯ ಅಷ್ಟೆ. ನಮ್ಮ ಪಕ್ಕದವರು ಎತ್ತಿದರು, ಒಂದಲ್ಲ ನಾಲ್ಕು. ಗುಲಾಬಿ, ಸೇವಂತಿಗೆ, ಮಲ್ಲಿಗೆಗಳೆಲ್ಲ ಗೇಟಿನಾಚೆ ಕತ್ತು ಚಾಚಿ ಚಾಚಿ ಸೊರಗಿ, ಕೊನೆಗೆ ಟೆರೇಸಿಗೆ ವರ್ಗವಾದವು. ಮನೆಗೆ ಬಂದವರು ಅಂಗಳ ನೋಡಿ "ಛೆ, ಬಿಸಿಲೇ ಇಲ್ವಲ್ರೀ" ಎಂದು ಸಂತಾಪ ಸೂಚಿಸಿ, ಕಾಫಿ ಕುಡಿದು ಹೋಗುತ್ತಿದ್ದರು.

ಮಲೆನಾಡಿನಲ್ಲಿ ಹುಟ್ಟಿದ ನನಗೆ ಈ ಸಂತಾಪ ಯಾಕೆಂದೇ ತಿಳಿಯಲಿಲ್ಲ. ದಟ್ಟ ಕಾಡಿನಲ್ಲಿ ಮರದ ನೆತ್ತಿಯ ಮೇಲೆ ಬೀಳುವ ಬೆಳಕಿನಲ್ಲಿ ನೆಲ ಮುಟ್ಟುವುದು ನೂರಕ್ಕೆ ಒಂದೆರಡು ಪಾಲು. ಅಷ್ಟರಲ್ಲೇ ಜರೀಗಿಡ, ಬಿಗೋನಿಯಾ, ಕೆಸು, ಕಾಡರಿಸಿನಗಳು ಅಗಲಗಲ ಎಲೆ ಬಿಟ್ಟುಕೊಂಡು ವರ್ಷಾನುಗಟ್ಟಲೆ ಸಂಸಾರ ನಡೆಸುತ್ತವೆ. ನಮ್ಮ ಪಾಯಸದ ಏಲಕ್ಕಿಯೂ ಇದೇ ಬಳಗದ್ದು. ನಡು ಬಿಸಿಲಿನಲ್ಲಿ ನಿಲ್ಲಿಸಿದರೆ ಅದರ ಎಲೆ ಸುಟ್ಟು ಸೀದುಹೋಗುತ್ತದೆ. ಹಾಗಾಗಿ ಪಕ್ಕದವರ ಕಟ್ಟಡವನ್ನು ಒಂದು ದೊಡ್ಡ ಮರವೆಂದು ತಿಳಿದುಕೊಂಡು, ಅದರ ಬುಡದಲ್ಲಿ ಕಾಡು ಮಾಡಲು ಹೊರಟೆ.

ಕಾಡಿಗೆ ಮೊದಲು ಬೇಕಾದದ್ದು ದರಕು, ಅಂದರೆ ತರಗೆಲೆ. ಕಾಡಿನ ನೆಲ ಮೆತ್ತಗಿರುವುದು, ತೇವ ಹಿಡಿದಿರುವುದು, ಬೇರಿಗೆ ಉಸಿರಾಡಲು ಬಿಡುವುದು ಕೊಳೆಯುತ್ತಿರುವ ಎಲೆಗಳ ದೆಸೆಯಿಂದ. ಬರೀ ಕೆಂಪು ಮಣ್ಣು ತುಂಬಿದ ಕುಂಡದಲ್ಲಿ ನೀರು ನಿಂತು ಬಿಗೋನಿಯಾದ ಕಾಂಡ ಕೊಳೆಯುತ್ತದೆ. ಮಾಘ ಕಳೆಯುತ್ತಿದ್ದಂತೆ ನಮ್ಮ ಬೀದಿಯ ಹೊಂಗೆ ಮರಗಳು ಎಲೆ ಉದುರಿಸುತ್ತವೆ. ಪೌರಕಾರ್ಮಿಕರು ಅದನ್ನು ಗುಡಿಸಿ ಮೂಟೆ ಕಟ್ಟಿ ಕಂಬದ ಬುಡದಲ್ಲಿಡುತ್ತಾರೆ. ಒಂದು ಬೆಳಿಗ್ಗೆ ಹೋಗಿ, "ಅಮ್ಮಾ, ಈ ಮೂಟೆ ನಾನು ತಗೊಳ್ಳಲಾ?" ಎಂದೆ. ಆಕೆ ಪೊರಕೆ ನಿಲ್ಲಿಸಿ ನನ್ನನ್ನು ಅಡಿಯಿಂದ ಮುಡಿಯವರೆಗೆ ನೋಡಿ, "ಕಸ ಕೊಡೋರ ಜೊತೆ ಜಗಳ ಆಡಿ ಆಡಿ ಸಾಕಾಗಿದೆ ಸಾರ್. ಕಸ ಕೇಳೋರನ್ನ ಇವತ್ತೇ ನೋಡಿದ್ದು" ಎಂದರು. ಆಮೇಲಿನಿಂದ ಮೂಟೆಗಳು ತಾವಾಗಿಯೇ ನಮ್ಮ ಗೇಟಿನ ಮುಂದೆ ಬಂದು ಕೂರತೊಡಗಿದವು. ಕೆಲವದರಲ್ಲಿ ಎಲೆಯ ಜೊತೆ ಗುಟ್ಕಾ ಪೊಟ್ಟಣವೂ ಸಿಗುತ್ತದೆ. ಕಾಡು ನಗರದ್ದಲ್ಲವೇ, ಇರಲಿ.

ನೆರಳಿನ ಗಿಡಗಳಿಗೆ ನಾವು ಮಾಡಬೇಕಾದ ದೊಡ್ಡ ಉಪಕಾರವೆಂದರೆ ಸುಮ್ಮನಿರುವುದು. ನಮ್ಮ ಮನೆಯಲ್ಲಾಗಲೀ ಬೀದಿಯಲ್ಲಾಗಲೀ ಅದೊಂದು ಬಿಟ್ಟು ಮಿಕ್ಕೆಲ್ಲ ಸಾಧ್ಯ.

ನೆಲಸಂಪಿಗೆಯನ್ನೇ ನೋಡಿ. ಶುಂಠಿಯ ನೆಂಟ. ಮಳೆಗಾಲವೆಲ್ಲ ಹೊಟ್ಟೆಯಡಿ ನೇರಳೆ ಬಣ್ಣದ ಎಲೆ ಬಿಟ್ಟು ಸಾಕಷ್ಟು ಬಿಂಕ ಮಾಡಿ, ಚಳಿಗಾಲದಲ್ಲಿ ಎಲೆಯನ್ನೆಲ್ಲ ಒಣಗಿಸಿಕೊಂಡು ಮಣ್ಣೊಳಗೆ ಮಲಗಿಬಿಡುತ್ತದೆ. ಮೇಲೆ ನೋಡಿದರೆ ಬರೀ ಕುಂಡ, ಬರೀ ಮಣ್ಣು. ಖಾಲಿ ಕುಂಡ ಕಂಡರೆ ಮನುಷ್ಯರಿಗೆ ಅದೇನು ಸಂಕಟವೋ! ನನ್ನ ಹೆಂಡತಿ ಅದರಲ್ಲಿ ಕೊತ್ತಂಬರಿ ಬೀಜ ಉದುರಿಸಿದಳು. ಕೆಲಸದಾಕೆ ಒದ್ದೆ ಮಾಪನ್ನು ತಲೆಕೆಳಗಾಗಿ ಸಿಕ್ಕಿಸಿದಳು. ಯಾರೋ ಮಹಾನುಭಾವರು ಅಗರಬತ್ತಿ ಹಚ್ಚಿ ನೆಟ್ಟಿದ್ದರು. ಗಿಡಕ್ಕೆ ಅಂತ್ಯಕ್ರಿಯೆ ಆಯಿತೆಂದು ಭಾವಿಸಿದ್ದರೋ ಏನೋ. ಕೊನೆಗೆ ರಟ್ಟಿನ ಮೇಲೆ "ಗಿಡ ಮಲಗಿದೆ, ಎಬ್ಬಿಸಬೇಡಿ" ಎಂದು ಬರೆದು ಚುಚ್ಚಿದೆ. ಮಹಡಿ ಮನೆಯ ಹುಡುಗಿ ಸ್ಕೂಲಿಗೆ ಹೋಗುವಾಗ ದಿನಾ "ಅಂಕಲ್, ಎದ್ತಾ?" ಎಂದು ವಿಚಾರಿಸುತ್ತಿದ್ದಳು. ಯುಗಾದಿಯ ಆಸುಪಾಸಿನಲ್ಲಿ ಎದ್ದಿತು. ಎಲೆಯಿಲ್ಲ, ಕಾಂಡವಿಲ್ಲ, ನೆಲದಿಂದಲೇ ನೇರ ಹೂವು: ಬಿಳಿ ಎಸಳು, ನಡುವೆ ತಿಳಿನೇರಳೆ, ಬಗ್ಗಿ ಮೂಸಿದರೆ ಘಮ್ಮೆನ್ನುವ ಪರಿಮಳ. ಹೆಂಡತಿ ನೋಡಿ, "ನನ್ನ ಕೊತ್ತಂಬರಿ ಎಲ್ಲಿ?" ಎಂದಳು.

ಎದುರು ಮನೆಯ ನಿವೃತ್ತ ಇಂಜಿನಿಯರರದು ಬೇರೆಯೇ ಬಗೆಯ ಕಾಳಜಿ. ಅವರ ಕೈಯಲ್ಲಿ ಸದಾ ಬೇವಿನೆಣ್ಣೆಯ ಸ್ಪ್ರೇ. ಒಂದು ದಿನ ನಮ್ಮ ಜರೀಗಿಡದ ಎಲೆ ಮಗುಚಿ ನೋಡಿ ಹೌಹಾರಿದರು. "ಸಾರ್, ಹುಳ ಮೊಟ್ಟೆ ಇಟ್ಟಿದೆ!" ಎಲೆಯಡಿ ಅಂಚಿನುದ್ದಕ್ಕೂ ಕಂದು ಚುಕ್ಕಿಗಳು, ಸಮ ಅಂತರದಲ್ಲಿ, ಒಂದೂ ಸಾಲು ತಪ್ಪದೆ. ಅವು ಜರೀಗಿಡದ ಬೀಜಾಣುಗಳ ಗೂಡು. ಹೂವು, ಕಾಯಿ, ಬೀಜದ ಗೊಡವೆಯೇ ಇಲ್ಲದ ಈ ಗಿಡ ಸಂತಾನ ಬೆಳೆಸುವುದು ಆ ಪುಡಿಯಿಂದಲೇ. "ಯಾವ ಹುಳ ಸಾರ್ ಇಷ್ಟು ನೇರವಾಗಿ ಮೊಟ್ಟೆ ಇಡುತ್ತೆ?" ಎಂದೆ. "ಅದೇ ಸಾರ್ ಅಪಾಯ. ಶಿಸ್ತಿನ ಹುಳ" ಎಂದು ಸ್ಪ್ರೇ ಎತ್ತಿದರು.

ಅವರ ಕೈ ತಡೆಯಲು ಲಂಡನ್ನಿನ ಡಾಕ್ಟರ್ ನಥೇನಿಯಲ್ ವಾರ್ಡನ ಕಥೆ ಶುರು ಮಾಡಿದೆ. ಊರಿನ ಹೊಗೆಗೆ ಆತ ನೆಟ್ಟ ಜರೀಗಿಡಗಳೆಲ್ಲ ಸಾಯುತ್ತಿದ್ದವು. 1829ರಲ್ಲಿ ಪತಂಗದ ಕೋಶವೊಂದನ್ನು ಒದ್ದೆ ಮಣ್ಣಿನ ಜೊತೆ ಬಾಟಲಿಯಲ್ಲಿಟ್ಟು ಮುಚ್ಚಿದ್ದಾಗ, ಆ ಮಣ್ಣಿನಲ್ಲಿ ತಾನಾಗಿಯೇ ಒಂದು ಜರೀಗಿಡ ಮೊಳೆಯಿತು. ಯಾರೂ ನೀರು ಹಾಕದೆಯೂ ವರ್ಷಗಟ್ಟಲೆ ಬದುಕಿತು. ಅಲ್ಲಿಂದ ಗಾಜಿನ ಪೆಟ್ಟಿಗೆಗಳು ಬಂದವು, ಇಂಗ್ಲೆಂಡಿನ ನಡುಮನೆಗಳಲ್ಲೆಲ್ಲ ಜರೀಗಿಡ ನೆಲೆಸಿತು. ಆ ಹುಚ್ಚಿಗೆ ಚಾರ್ಲ್ಸ್ ಕಿಂಗ್ಸ್ಲಿ 1855ರಲ್ಲಿ ಟೆರಿಡೋಮೇನಿಯಾ ಎಂಬ ಹೆಸರನ್ನೂ ಕೊಟ್ಟ. ಇಂಜಿನಿಯರರು ತದೇಕಚಿತ್ತದಿಂದ ಕೇಳಿ, "ಪೂರ್ತಿ ಮುಚ್ಚಿದ ಬಾಟಲಿ ಅಂತೀರಿ. ಹಾಗಾದ್ರೆ ಸ್ಪ್ರೇ ಹೊಡೆಯೋದು ಎಲ್ಲಿಂದ?" ಎಂದರು.

ಇನ್ನು ಸುವರ್ಣಗಡ್ಡೆ. ತೆಂಗು, ಅಡಿಕೆಯ ನೆರಳಲ್ಲಿ ಬೆಳೆಯುವ ಈ ಗಡ್ಡೆಯನ್ನು ಅದರ ಕೊಡೆಯಂಥ ಎಲೆಯ ಆಸೆಗೆ ಮೂಲೆಯಲ್ಲಿ ಹೂತಿದ್ದೆ. ಮೇ ತಿಂಗಳ ಮೊದಲ ಮಳೆ ಬಿದ್ದದ್ದೇ ತಡ, ಎಲೆಗೆ ಮುಂಚೆ ಹೂವೇ ಬಂತು. ಕಡುಗೆಂಪು ಅಂಚು, ನಡುವೆ ನಿರಿಗೆಗಟ್ಟಿದ ದಪ್ಪ ಗುಂಡು. ಕೊಳೆತ ಮಾಂಸದ ನಾತ ಹರಡಿ ನೊಣ, ಜೀರುಂಡೆಗಳನ್ನು ಕರೆದು ಪರಾಗಸ್ಪರ್ಶ ಮಾಡಿಸಿಕೊಳ್ಳುವುದು ಇದರ ಉಪಾಯ. ಆ ಸಂಜೆ ಪಕ್ಕದ ನಾಲ್ಕೂ ಮಹಡಿಯವರು ಸತ್ತ ಇಲಿ ಹುಡುಕುತ್ತಿದ್ದರು. ಸಂಪಿನ ಮುಚ್ಚಳ ತೆಗೆಸಿದರು, ಲಿಫ್ಟಿನ ಗುಂಡಿಗೆ ಟಾರ್ಚು ಬಿಟ್ಟರು. ನಾನು ಬಾಗಿಲು ಹಾಕಿಕೊಂಡು ಟೀವಿ ಜೋರು ಮಾಡಿದೆ.

ಶ್ರಾವಣದಲ್ಲಿ ಸಾಗರದಿಂದ ಸೋದರತ್ತೆ ಬಂದರು. ನರ್ಸರಿಯಲ್ಲಿ ನೂರು, ಇನ್ನೂರು ಕೊಟ್ಟು ತಂದ ನನ್ನ ಕಾಡನ್ನು ಅತ್ತೆ ಸೆರಗು ಸಿಕ್ಕಿಸಿಕೊಂಡು ಒಂದು ಸುತ್ತು ಹಾಕಿದರು. "ಅಲ್ಲ ಮಾರಾಯ, ಇದನ್ನೆಲ್ಲ ದುಡ್ಡು ಕೊಟ್ಟು ತಂದ್ಯಾ? ನಮ್ಮನೆ ಬಚ್ಚಲ ಹಿಂದೆ ಇದನ್ನೇ ಕತ್ತಿ ಹಿಡಿದು ಸವರಿ ಸವರಿ ಕೈ ನೋವು." ಬಿಗೋನಿಯಾದ ಎಲೆ ಚಿವುಟಿ ನಾಲಿಗೆಗೆ ಮುಟ್ಟಿಸಿ "ಹುಳಿ" ಎಂದು ಷರಾ ಬರೆದರು. ಸಂಜೆಯೊಳಗೆ ಒಂದೆಲಗ ತಂಬುಳಿಯಾಗಿತ್ತು. ಮರುದಿನ ಕೆಸುವಿನ ಎಲೆಯೆಲ್ಲ ಪತ್ರೊಡೆಯಾಗಿ ತಟ್ಟೆಗೆ ಬಂತು. ಅದು ಬಲು ರುಚಿಯಾಗಿತ್ತು ಎನ್ನುವುದನ್ನು ಮುಚ್ಚಿಡಲಾರೆ.

ಸುವರ್ಣಗಡ್ಡೆಯನ್ನು ಮಾತ್ರ ಅತ್ತೆ ಮುಟ್ಟಲಿಲ್ಲ. ನನಗೆ ಸಮಾಧಾನವಾಯಿತು. ಡಿಸೆಂಬರಿನಲ್ಲಿ ಅದರ ಎಲೆ ಹಳದಿಗೆ ತಿರುಗಿ ಕಾಂಡ ಮಗುಚಿ ಬಿತ್ತು. ನಾನು ಹಳೆಯ ರಟ್ಟನ್ನು ಹುಡುಕಿ ತಂದು ಅಲ್ಲಿ ಚುಚ್ಚುತ್ತಿರುವಾಗ ಹೆಂಡತಿ ಗುದ್ದಲಿ ಹಿಡಿದು ಬಂದಳು.

"ಮಲಗಿದೆ ಕಣೇ" ಎಂದೆ.

"ಗೊತ್ತುರೀ. ಮಲಗಿದ ಮೇಲೇ ಕೀಳಬೇಕಂತೆ, ಅತ್ತೆ ಫೋನ್ ಮಾಡಿದ್ರು. ತುರಿಸಬಾರದು ಅಂತ ಹುಣಸೆಹಣ್ಣು ಆಗಲೇ ನೆನೆಹಾಕಿದೀನಿ."